ಕಲ್ಪನೆಯ ಕಡಲಿನಲ್ಲಿ ಶಬ್ದ ಯಾವ ಕಡೆ ಬಾಗುತ್ತದೆ?

ಕಥೆಗಾಗಿ ಒಂದು ಕಡಲ ಲೋಕ ಕಟ್ಟುತ್ತಿದ್ದೇನೆ. ಅಲ್ಲಿನ ಜನ ನೀರಿನೊಳಗೇ ಬದುಕುತ್ತಾರೆ. ಬೆಳಕು ಕಡಿಮೆ, ಹಾಗಾಗಿ ಎಲ್ಲ ವ್ಯವಹಾರವೂ ಶಬ್ದದಲ್ಲೇ. ‘ಶಬ್ದದ ಹೊಳೆ’, ‘ಮೌನದ ಮಡು’ ಎಂದು ಹೆಸರುಗಳನ್ನು ಮೊದಲೇ ಇಟ್ಟಿದ್ದೆ. ಆದರೆ ಹೊಳೆ ಅಲ್ಲೇ ಯಾಕೆ ಹರಿಯಬೇಕು ಎಂಬುದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ನಿಜವಾದ ಕಡಲಿನ ಶಬ್ದದ ಬಗ್ಗೆ ಓದಿದಾಗ ಸಿಕ್ಕಿತು. ಮರೆಯುವ ಮೊದಲು ಬರೆದಿಡುತ್ತಿದ್ದೇನೆ.

ಬೇಕಾದ ಅಂಕಿಗಳು ಸ್ವಲ್ಪವೇ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಓಡುತ್ತದೆ, ಕಡಲ ನೀರಿನಲ್ಲಿ ಸುಮಾರು 1500 ಮೀಟರ್. ನೀರು ಒಂದು ಡಿಗ್ರಿ ಬಿಸಿಯಾದರೆ ಈ ವೇಗ 3–4 ಮೀಟರ್ ಏರುತ್ತದೆ. 100 ಮೀಟರ್ ಆಳಕ್ಕೆ ಇಳಿದರೆ ಒತ್ತಡದಿಂದ ಸುಮಾರು 1.7 ಮೀಟರ್ ಏರುತ್ತದೆ. ಉಪ್ಪಿನ ಪಾತ್ರ ಚಿಕ್ಕದು, ಬಿಟ್ಟಿದ್ದೇನೆ.

ಈಗ ಮೇಲಿನಿಂದ ಕೆಳಗೆ ಇಳಿಯೋಣ. ಮೊದಲು ನೀರು ಬೇಗ ತಣ್ಣಗಾಗುತ್ತದೆ, ವೇಗ ಇಳಿಯುತ್ತದೆ. ಆಮೇಲೆ ತಂಪು ಹೆಚ್ಚುಕಡಿಮೆ ಒಂದೇ ಸಮ ಇರುತ್ತದೆ, ಒತ್ತಡ ಮಾತ್ರ ಏರುತ್ತದೆ. ಹಾಗಾಗಿ ವೇಗ ಮತ್ತೆ ಏರುತ್ತದೆ. ನಡುವೆ ಒಂದು ಆಳದಲ್ಲಿ ವೇಗ ಎಲ್ಲಕ್ಕಿಂತ ಕಡಿಮೆ. ಬೆಚ್ಚಗಿನ ಸಾಗರಗಳಲ್ಲಿ ಅದು ಸುಮಾರು 1000 ಮೀಟರ್ ಕೆಳಗಿದೆ. ಧ್ರುವಗಳ ಹತ್ತಿರ ಮೇಲಿನ ನೀರೇ ತಣ್ಣಗಿರುವುದರಿಂದ ಅದು ಮೇಲ್ಮೈ ಹತ್ತಿರ ಬಂದುಬಿಡುತ್ತದೆ.

ನಾನು ಸಿಕ್ಕಿಕೊಂಡ ಜಾಗ

ವೇಗ ಕಡಿಮೆ ಎಂದರೆ ಶಬ್ದಕ್ಕೆ ಅಲ್ಲಿ ಕಷ್ಟ, ಅದು ವೇಗದ ನೀರಿನ ಕಡೆಗೇ ಹೋಗುತ್ತದೆ ಎಂದುಕೊಂಡಿದ್ದೆ. ನಡೆಯುವುದು ಪೂರ್ತಿ ಉಲ್ಟಾ. ಶಬ್ದ ನಿಧಾನದ ನೀರಿನ ಕಡೆಗೆ ಬಾಗುತ್ತದೆ.

ಇದನ್ನು ಮನಸ್ಸಿಗೆ ತಂದುಕೊಳ್ಳಲು ನನಗೆ ಉದ್ದನೆಯ ಕೋಲೊಂದು ಬೇಕಾಯಿತು. ಇಬ್ಬರು ಕೋಲಿನ ಎರಡು ತುದಿ ಹಿಡಿದು ಅಕ್ಕಪಕ್ಕ ನಡೆಯುತ್ತಿದ್ದಾರೆ ಅಂದುಕೊಳ್ಳಿ. ಎಡಗಡೆಯವನ ಕಾಲಡಿ ಕೆಸರು ಬಂತು. ಅವನ ಹೆಜ್ಜೆ ನಿಧಾನವಾಯಿತು. ಬಲಗಡೆಯವನು ಮೊದಲಿನ ವೇಗದಲ್ಲೇ ಇದ್ದಾನೆ. ಕೋಲು ಯಾವ ಕಡೆ ತಿರುಗುತ್ತದೆ? ಎಡಕ್ಕೆ, ಅಂದರೆ ಕೆಸರಿನ ಕಡೆಗೇ ಅಲ್ವಾ? ಯಾರೂ ಎಳೆಯಲಿಲ್ಲ, ಯಾರೂ ತಳ್ಳಲಿಲ್ಲ. ಒಂದು ತುದಿ ಹಿಂದೆ ಬಿತ್ತು, ಅಷ್ಟೇ.

ಶಬ್ದದ ಅಲೆಯ ಮುಂಭಾಗ ಅದೇ ಕೋಲು. ಅಡ್ಡಲಾಗಿ ಹೋಗುವ ಅಲೆಗೆ ಕೋಲು ನೆಟ್ಟಗೆ ನಿಂತಿರುತ್ತದೆ. ಮೇಲಿನ ತುದಿ ಬೆಚ್ಚಗಿನ, ವೇಗದ ನೀರಿನಲ್ಲಿದೆ. ಕೆಳಗಿನ ತುದಿ ತಣ್ಣನೆಯ, ನಿಧಾನದ ನೀರಿನಲ್ಲಿದೆ. ಹಾಗಾಗಿ ಅಲೆ ಕೆಳಕ್ಕೆ ಬಾಗುತ್ತದೆ. ಆ ನಿಧಾನದ ಆಳವನ್ನು ದಾಟಿದ ಮೇಲೆ ಕೆಳಗಿನ ತುದಿಗೇ ವೇಗ ಜಾಸ್ತಿ. ಈಗ ಅಲೆ ಮೇಲಕ್ಕೆ ಬಾಗುತ್ತದೆ. ಹೀಗೆ ಮೇಲೆ ಕೆಳಗೆ ತೂಗುತ್ತಾ ಸಾಗುತ್ತದೆ. ಮೇಲ್ಮೈಗೂ ತಾಗುವುದಿಲ್ಲ, ತಳಕ್ಕೂ ತಾಗುವುದಿಲ್ಲ. ಆದ್ದರಿಂದ ಶಕ್ತಿ ಹೆಚ್ಚು ಸೋರುವುದಿಲ್ಲ.

ನನ್ನ ಶಬ್ದದ ಹೊಳೆ ಇದೇ! ನಿಜಲೋಕದಲ್ಲಿ ಇದಕ್ಕೆ ಸೋಫಾರ್ ಚಾನೆಲ್ ಎನ್ನುತ್ತಾರೆ. ಅಮೆರಿಕದ ವಿಜ್ಞಾನಿ ಮಾರಿಸ್ ಯೂಯಿಂಗ್ 1944ರಲ್ಲಿ ಇದನ್ನು ಪರೀಕ್ಷಿಸಿ ತೋರಿಸಿದರು. 1960ರಲ್ಲಿ ಆಸ್ಟ್ರೇಲಿಯಾದ ಪರ್ತ್ ಬಳಿ ಕಡಲೊಳಗೆ ಸಿಡಿಸಿದ ಸ್ಫೋಟದ ಸದ್ದು ಸುಮಾರು 20,000 ಕಿಲೋಮೀಟರ್ ದೂರದ, ಅಟ್ಲಾಂಟಿಕ್ ಸಾಗರದ ಬರ್ಮುಡಾ ದ್ವೀಪದಲ್ಲಿ ಕೇಳಿಸಿತು. ಹಿಡಿದ ಸಮಯ ಸುಮಾರು ಮೂರೂಮುಕ್ಕಾಲು ಗಂಟೆ.

ಕೊನೆಗೆ ಬರುವ ಗಟ್ಟಿ ಸದ್ದು

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಇದು. ಹೆಚ್ಚು ತೂಗಾಡುವ ಅಲೆಯ ದಾರಿ ಉದ್ದ. ಆದರೂ ಅದೇ ಮೊದಲು ತಲುಪುತ್ತದೆ. ಯಾಕೆಂದರೆ ಅದು ಹೆಚ್ಚು ಹೊತ್ತು ವೇಗದ ನೀರಿನಲ್ಲಿರುತ್ತದೆ. ನೇರವಾಗಿ ನಡುವೆ ಬರುವ ಅಲೆ ಕೊನೆಗೆ ಬರುತ್ತದೆ, ಅದೇ ಎಲ್ಲಕ್ಕಿಂತ ಗಟ್ಟಿ. ಆದ್ದರಿಂದ ದೂರದ ಸದ್ದು ಸಣ್ಣಗೆ ಶುರುವಾಗಿ, ಏರುತ್ತಾ ಏರುತ್ತಾ ಹೋಗಿ, ತಟ್ಟನೆ ಕಡಿದುಹೋಗುತ್ತದೆ. ಗುಡುಗಿನ ಹಾಗೆ ಕೊನೆಯಲ್ಲಿ ಉರುಳಿ ಕರಗುವುದಿಲ್ಲ. ನನ್ನ ಲೋಕದಲ್ಲಿ ದೂರದೂರಿನಿಂದ ಸಾವಿನ ಸುದ್ದಿ ಬರುವುದು ಹೀಗೆ. ಸದ್ದು ಏರತೊಡಗಿದ ಕೂಡಲೇ ಜನ ಕೆಲಸ ನಿಲ್ಲಿಸುತ್ತಾರೆ. ಅದು ಕಡಿದ ಮೇಲೆ ಬರುವ ಮೌನಕ್ಕೆ ಅವರ ಭಾಷೆಯಲ್ಲಿ ಬೇರೆಯೇ ಪದವಿದೆ.

ಮೌನದ ಮಡುವಿಗೂ ಕೋಲು ಸಾಕಾಯಿತು. ಮೇಲ್ಮೈ ಹತ್ತಿರದ ಸದ್ದು ಕೆಳಕ್ಕೆ ಬಾಗಿದರೆ, ಸ್ವಲ್ಪ ದೂರದಲ್ಲಿ ಮೇಲ್ಮೈಯ ಕೆಳಗೆ ಸದ್ದೇ ತಲುಪದ ನೆರಳು ಉಳಿಯುತ್ತದೆ. ಬಿಸಿಲಿಗೆ ಮೇಲಿನ ನೀರು ಕಾದ ಮಧ್ಯಾಹ್ನ ಈ ನೆರಳು ಇನ್ನೂ ಹತ್ತಿರ ಬರುತ್ತದೆ. ಕಳ್ಳರು ಯಾವ ಹೊತ್ತಿಗೆ ಬರಬೇಕು ಎಂಬುದು ಅಲ್ಲಿಗೇ ತೀರ್ಮಾನವಾಯಿತು.

ಲೋಕವನ್ನೇ ಬದಲಿಸಿದರೆ

ಗುರುತ್ವ ತೀರಾ ಕಡಿಮೆ ಇರುವ, ಅಷ್ಟೇನೂ ಆಳವಿಲ್ಲದ ಕಡಲು ಇರಲಿ. ಒತ್ತಡದಿಂದ ವೇಗ ಏರುವುದೇ ಇಲ್ಲ ಎನ್ನುವಷ್ಟು ಕಡಿಮೆ. ನೀರು ತಳದವರೆಗೂ ತಣ್ಣಗಾಗುತ್ತಾ ಹೋದರೆ ಎಲ್ಲ ಸದ್ದೂ ತಳಕ್ಕೆ ಬಾಗುತ್ತದೆ. ಅಲ್ಲಿ ತಳದವರಿಗೆ ದೂರದ್ದೆಲ್ಲ ಕೇಳಿಸುತ್ತದೆ, ಮೇಲಿನವರಿಗೆ ಹತ್ತಿರದ್ದು ಬಿಟ್ಟು ಏನೂ ಇಲ್ಲ. ತಳವೇ ಬಿಸಿಯಾಗಿದ್ದರೆ ಉಲ್ಟಾ. ಸದ್ದು ಮೇಲ್ಮೈಗೆ ಮರಳಿ ಮರಳಿ ಬಡಿಯುತ್ತಾ ಸಾಗುತ್ತದೆ.

ಊರಿನ ಸುತ್ತ ಗಾಳಿಗುಳ್ಳೆಗಳ ಗೋಡೆ ಹಾಕಿದರೆ ಏನಾಗುತ್ತದೆ ಎಂಬುದನ್ನೂ ಇದೇ ಕೋಲಿನಿಂದ ನೋಡಿದೆ. ನೀರಿನಲ್ಲಿ ನೂರಕ್ಕೆ ಒಂದು ಪಾಲು ಗುಳ್ಳೆ ಸೇರಿದರೂ ಕಡಿಮೆ ಕಂಪನದ, ದಪ್ಪ ಸ್ವರದ ಶಬ್ದದ ವೇಗ ಗಾಳಿಯಲ್ಲಿರುವುದಕ್ಕಿಂತಲೂ ಕೆಳಗೆ ಇಳಿಯುತ್ತದೆ. ಗೋಡೆಯ ಅಂಚು ಥಟ್ಟನೆ ಶುರುವಾದರೆ ಸದ್ದು ಬಹುಪಾಲು ಹಿಂದಕ್ಕೆ ಪುಟಿಯುತ್ತದೆ. ಗುಳ್ಳೆಗಳು ಮೆಲ್ಲಗೆ ದಟ್ಟವಾಗುತ್ತಾ ಹೋದರೆ ಸದ್ದು ಗೋಡೆಯ ಕಡೆಗೇ ಬಾಗಿ ಒಳಗೆ ಹೋಗಿ ಅಡಗುತ್ತದೆ. ನನ್ನ ಊರಿನ ಸುತ್ತ ಎರಡನೆಯ ಥರದ ಗೋಡೆ ಹಾಕಿದ್ದೇನೆ.