ಕುತ್ತಿಗೆಯ ಮೇಲಿನ ಆ ಗೆರೆ ಜೇಡನದಲ್ಲ

ಮುಂಗಾರು ಹಿಡಿಯಿತೆಂದರೆ ನನ್ನ ಚರ್ಮರೋಗ ಚಿಕಿತ್ಸಾಲಯಕ್ಕೆ, ಕುತ್ತಿಗೆಯ ಮೇಲೋ ಕೆನ್ನೆಯ ಮೇಲೋ ಬರೆ ಎಳೆದಂತಹ ಕೆಂಪು ಗೆರೆ ಮತ್ತು ಅದರ ತುಂಬ ಸಣ್ಣ ಗುಳ್ಳೆಗಳಿರುವವರು ಬರತೊಡಗುತ್ತಾರೆ. ಬಹುತೇಕರು ಹೇಳುವುದು ಒಂದೇ ಮಾತು: “ಮಲಗಿದ್ದಾಗ ಜೇಡರ ಹುಳ ಉಚ್ಚೆ ಹೊಯ್ದಿದೆ ಡಾಕ್ಟ್ರೇ.”

ಜೇಡನ ವಿಸರ್ಜನೆಗೆ ಚರ್ಮವನ್ನು ಸುಡುವ ಗುಣವಿಲ್ಲ. ಅದು ಗೋಡೆಯ ಮೇಲೆ ಬಿಳಿ ಚುಕ್ಕೆಯಾಗಿ ಒಣಗುತ್ತದೆ, ಅಷ್ಟೆ. ಗೆರೆ ಎಳೆಯುವುದು ಪೆಡೆರಸ್ ಎಂಬ, ಜೀರುಂಡೆಗಳ ವರ್ಗಕ್ಕೆ ಸೇರಿದ, ಒಂದು ಸೆಂಟಿಮೀಟರಿಗೂ ಚಿಕ್ಕದಾದ ಕೀಟ. ಕಿತ್ತಳೆ ಮತ್ತು ಕಪ್ಪು ಪಟ್ಟಿಗಳ ಈ ಕೀಟವನ್ನು ನೋಡಿದವರು ಇರುವೆಯೆಂದೇ ಭಾವಿಸುತ್ತಾರೆ. ಅದು ಕಚ್ಚುವುದಿಲ್ಲ, ಕುಟುಕುವುದೂ ಇಲ್ಲ. ದೀಪಕ್ಕೆ ಬಂದು ಮೈಮೇಲೆ ಬಿದ್ದದ್ದನ್ನು ನಾವೇ ನಿದ್ದೆಗಣ್ಣಿನಲ್ಲಿ ಒರೆಸಿ ಹಾಕುತ್ತೇವೆ. ಆಗ ಅದರ ದೇಹದ್ರವದಲ್ಲಿರುವ ಪೆಡೆರಿನ್ ಎಂಬ ವಿಷ ಕೈ ಸರಿದ ದಾರಿಯಲ್ಲೇ ಹರಡುತ್ತದೆ. ಆ ಕ್ಷಣ ಏನೂ ಆಗುವುದಿಲ್ಲ. ಒಂದೆರಡು ದಿನ ಕಳೆದ ಮೇಲೆ ಉರಿ ಏಳುತ್ತದೆ, ಅಷ್ಟು ಹೊತ್ತಿಗೆ ಹುಳ ಮರೆತುಹೋಗಿರುತ್ತದೆ, ಗೋಡೆಯ ಮೇಲೆ ಕಣ್ಣಿಗೆ ಬೀಳುವ ಜೇಡನ ಮೇಲೆ ಅಪವಾದ ಬರುತ್ತದೆ.

ಒಮ್ಮೆ ಒಬ್ಬ ತಾಯಿ ಉಪ್ಪಿನಕಾಯಿ ಬಾಟಲಿಯಲ್ಲಿ ಅಂಗೈಯಗಲದ, ಚಪ್ಪಟೆ ಮೈಯ ಕಂದು ಜೇಡವೊಂದನ್ನು ಹಿಡಿದು ತಂದು, ಅದರ ಹೊಟ್ಟೆಯಡಿಯ ಬಿಳಿ ಬಿಲ್ಲೆಯನ್ನು ತೋರಿಸಿ, “ವಿಷದ ಚೀಲ ಇದೇ ಅಲ್ಲವೇ?” ಎಂದು ಕೇಳಿದರು. ಅದು ಮೊಟ್ಟೆಯ ಚೀಲ; ಆ ಜೇಡ ಬಲೆ ಹೆಣೆಯದೆ ರಾತ್ರಿಯೆಲ್ಲ ಓಡಾಡಿ ಜಿರಲೆ ಹಿಡಿಯುವಂಥದ್ದು. ಟ್ಯೂಬ್‌ಲೈಟಿನ ಕೆಳಗೆ ಬಿದ್ದಿರುವುದನ್ನು ತರಲು ಹೇಳಿ ಕಳುಹಿಸಿದೆ. ಮರುದಿನ ಕಾಗದದ ಪೊಟ್ಟಣದಲ್ಲಿ ಬಂದದ್ದು ನಾಲ್ಕು ಪೆಡೆರಸ್.

ಎಲ್ಲ ಜೇಡಗಳೂ ನಿರಪಾಯಕಾರಿ ಎಂದು ನಾನು ಹೇಳುತ್ತಿಲ್ಲ. ಬಹುತೇಕ ಜೇಡಗಳಿಗೆ ವಿಷವಿದೆ, ಆದರೆ ಮೂಲೆಯಲ್ಲಿ ತಲೆಕೆಳಗಾಗಿ ತೂಗುವ ಉದ್ದಕಾಲಿನ ಜೇಡವಾಗಲಿ, ತೋಟದಲ್ಲಿ ಬಲೆಯ ನಡುವೆ ಬಿಳಿ ನೂಲಿನಿಂದ ಗುಣಾಕಾರ ಚಿಹ್ನೆ ಹೆಣೆದು ಕೂರುವ ಜೇಡವಾಗಲಿ ನಮಗೆ ಕೇಡು ಮಾಡುವುದು ತೀರ ಅಪರೂಪ. ಪಶ್ಚಿಮ ಘಟ್ಟದ ಮರದ ಪೊಟರೆಗಳಲ್ಲಿರುವ ರೋಮಭರಿತ ದೊಡ್ಡ ಜೇಡ ಕಚ್ಚಿದರೆ ಮಾತ್ರ ಸ್ನಾಯುಗಳು ಸೆಟೆದುಕೊಳ್ಳಬಹುದು. ಆಗ ತಡಮಾಡದೆ ಆಸ್ಪತ್ರೆಗೆ ಹೋಗಬೇಕು. ಹಾವಿನ ವಿಷಕ್ಕೆ ಕೊಡುವ ಚುಚ್ಚುಮದ್ದು ಇದಕ್ಕೆ ಕೆಲಸ ಮಾಡುವುದಿಲ್ಲ.

ಪೆಡೆರಸ್ ಮೈಮೇಲೆ ಕಂಡರೆ ಹೊಸಕದೆ ಊದಿ ಬೀಳಿಸಿ, ಆ ಜಾಗವನ್ನು ಸಾಬೂನಿನಿಂದ ತೊಳೆಯಿರಿ, ಕಣ್ಣು ಉಜ್ಜಬೇಡಿ. ಗುಳ್ಳೆಗಳು ಸಾಮಾನ್ಯವಾಗಿ ಹತ್ತು ದಿನಗಳೊಳಗೆ ಒಣಗುತ್ತವೆ.

ನನ್ನನ್ನು ನಿಜವಾಗಿ ಕಂಗೆಡಿಸುವವರು ಬೇರೆ. ಪಕ್ಕೆಲುಬಿನ ಒಂದೇ ಬದಿಗೆ ಪಟ್ಟಿಯಂತೆ ಎದ್ದ ಗುಳ್ಳೆಗಳನ್ನೂ ಜೇಡನದೆಂದೇ ನಂಬಿ, ಸೊಪ್ಪಿನ ರಸ ಹಚ್ಚಿಕೊಂಡು ಆರನೆಯ ದಿನ ಬರುವ ಹಿರಿಯರು. ಅದು ಸರ್ಪಸುತ್ತು. ಅದರ ವೈರಾಣುವಿಗೆ ಕೊಡುವ ಮಾತ್ರೆಯನ್ನು 72 ಗಂಟೆಯೊಳಗೆ ಆರಂಭಿಸಿದರೆ ಹೆಚ್ಚು ಫಲ. ಗುಳ್ಳೆ ಮಾಗಿದ ಮೇಲೂ ಅವರಲ್ಲಿ ಕೆಲವರಿಗೆ ನರದ ನೋವು ತಿಂಗಳುಗಟ್ಟಲೆ ಉಳಿಯುತ್ತದೆ.