‘ಇಷ್ಟು ವರ್ಷ ಯಾಕೆ ಸುಮ್ಮನಿದ್ದಿರಿ?’

ಅನಾಥಾಲಯದಲ್ಲೋ ಸುಧಾರಣಾ ಶಾಲೆಯಲ್ಲೋ ಬಾಲ್ಯದಲ್ಲಿ ದೌರ್ಜನ್ಯಕ್ಕೆ ಒಳಗಾದವರು ದೊಡ್ಡವರಾದ ಮೇಲೆ ಬಾಯಿಬಿಟ್ಟರೆ ಮೊದಲು ಎದುರಾಗುವ ಪ್ರಶ್ನೆ ಇದು. ಕೇಳುತ್ತಿದ್ದುದು ಜನ ಮಾತ್ರವಲ್ಲ, ಕಾನೂನು ಕೂಡ.

ಆಸ್ಟ್ರೇಲಿಯಾದಲ್ಲಿ 2013ರಲ್ಲಿ ಕೆಲಸ ಶುರುಮಾಡಿದ ರಾಯಲ್ ಕಮಿಷನ್ ಎಂಬ ಸರ್ಕಾರಿ ವಿಚಾರಣಾ ಆಯೋಗ, ಸಂಸ್ಥೆಗಳಲ್ಲಿ ಲೈಂಗಿಕ ದೌರ್ಜನ್ಯಕ್ಕೆ ಒಳಗಾಗಿದ್ದ 8,000ಕ್ಕೂ ಹೆಚ್ಚು ಜನರ ಮಾತನ್ನು ಗುಟ್ಟಾಗಿ ಕೂತು ಕೇಳಿತು. ನಡೆದದ್ದನ್ನು ಮೊದಲ ಸಲ ಇನ್ನೊಬ್ಬರಿಗೆ ಹೇಳಲು ಅವರಿಗೆ ಹಿಡಿದದ್ದು ಸರಾಸರಿ 23.9 ವರ್ಷ. ದಾವೆ ಹೂಡುವ ಕಾಲಮಿತಿ ಅಷ್ಟರಲ್ಲಿ ಯಾವಾಗಲೋ ಮುಗಿದಿರುತ್ತಿತ್ತು. ಹೊಡೆಯುವ ಕೈಯೇ ಊಟ ಹಾಕುವಾಗ ಮಗು ಯಾರಿಗೆ ದೂರು ಕೊಡಬೇಕು? ಓಡಿಹೋದವರನ್ನು ಪೊಲೀಸರು ಹಿಡಿದು ತಂದು ಅದೇ ಗೇಟಿನೊಳಗೆ ಬಿಡುತ್ತಿದ್ದರು.

ಈ ಮೌನ ಮುರಿದವರು ವಕೀಲರಲ್ಲ, ಅಲ್ಲಿ ಬೆಳೆದವರೇ. ಲಿಯೋನಿ ಶೀಡಿ ಮತ್ತು ಜೊವಾನಾ ಪೆಂಗ್ಲೇಸ್ 2000ರಲ್ಲಿ ‘ಕ್ಲಾನ್’ ಎಂಬ ಸಂಘಟನೆ ಕಟ್ಟಿದರು. ಇಂಥವರ ಬೇಡಿಕೆಗಳಲ್ಲಿ ಹಣಕ್ಕಿಂತ ನನ್ನನ್ನು ತಟ್ಟುವುದು ಕಡತದ್ದು. ನನ್ನನ್ನು ಇಲ್ಲಿ ಬಿಟ್ಟವರು ಯಾರು, ನನಗೆ ಅಣ್ಣ, ತಂಗಿ ಇದ್ದಾರಾ ಎನ್ನುವುದಕ್ಕೆ ಉತ್ತರ ಇದ್ದದ್ದು ಆ ಸಂಸ್ಥೆಗಳ ಕಪಾಟಿನಲ್ಲಿ. 2004ರಲ್ಲಿ ಇಂಥವರ ಬಗ್ಗೆ ಸಂಸತ್ತಿನ ಮೇಲ್ಮನೆ ಸೆನೆಟ್‌ನ ಸಮಿತಿಯ ವರದಿ ಬಂತು. 2009ರ ನವೆಂಬರ್ 16ರಂದು ಪ್ರಧಾನಿ ಕೆವಿನ್ ರಡ್ ಕ್ಷಮೆ ಕೇಳಿದರು.

ಐರ್ಲೆಂಡಿನಲ್ಲಿ ಪ್ರಧಾನಿ ಬರ್ಟಿ ಅಹರ್ನ್ 1999ರಲ್ಲೇ ಕ್ಷಮೆ ಕೇಳಿದ್ದರು. ಅಲ್ಲಿ 2002ರ ಕಾಯ್ದೆಯಡಿ ಪರಿಹಾರ ಮಂಡಳಿಯೂ ಬಂತು. ಆದರೆ ಅದೇ ಕಾಯ್ದೆ, ಮಂಡಳಿಯ ಮುಂದೆ ಹೇಳಿದ್ದನ್ನು ಹೆಸರು ಗೊತ್ತಾಗುವಂತೆ ಹೊರಗೆ ಪ್ರಕಟಿಸಿದರೆ ದಂಡ, ಜೈಲು ಎಂದಿತು. ಜೀವಮಾನವಿಡೀ ಬಾಯಿ ಕಟ್ಟಿಸಿಕೊಂಡವರಿಗೆ ಪರಿಹಾರದ ಜೊತೆ ಮತ್ತೊಂದು ಬೀಗ! ಈ ಶಾಲೆಗಳನ್ನು ನಡೆಸಿದ್ದ ಧಾರ್ಮಿಕ ಸಂಸ್ಥೆಗಳಿಗೆ ಮಾತ್ರ ಸರ್ಕಾರದ ಜೊತೆಗಿನ ಒಪ್ಪಂದದಲ್ಲಿ 12.8 ಕೋಟಿ ಯೂರೋಗೆ ಹೊಣೆ ತೀರಿತ್ತು. ಒಟ್ಟು ವೆಚ್ಚ ಏರಿದ್ದು ಸುಮಾರು 150 ಕೋಟಿ ಯೂರೋಗೆ. ಅಲ್ಲಿನ ವಿಚಾರಣಾ ಆಯೋಗ 2009ರಲ್ಲಿ ಕೊಟ್ಟ ರಯಾನ್ ವರದಿಯಲ್ಲೂ ತಪ್ಪಿತಸ್ಥರ ನಿಜ ಹೆಸರಿಲ್ಲ. ಹೆಸರು ಹೊರಬರಬಾರದೆಂದು ಆ ಧಾರ್ಮಿಕ ಸಂಸ್ಥೆಗಳಲ್ಲೊಂದಾದ ಕ್ರಿಶ್ಚಿಯನ್ ಬ್ರದರ್ಸ್ ಮೊದಲೇ ಕೋರ್ಟ್ ಮೆಟ್ಟಿಲೇರಿತ್ತು.

ಆಸ್ಟ್ರೇಲಿಯಾದಲ್ಲಿ ಇನ್ನೊಂದು ತೊಡಕು: ದಾವೆ ಯಾರ ಮೇಲೆ? ಕ್ಯಾಥೊಲಿಕ್ ಚರ್ಚಿನ ಆಸ್ತಿ ನೋಡಿಕೊಳ್ಳುವ ಟ್ರಸ್ಟಿನ ಮೇಲೆ ಹೊಣೆ ಹೊರಿಸಲಾಗದು, ಕಾನೂನಿನ ಕಣ್ಣಿಗೆ ಚರ್ಚ್ ಎಂಬ ಪ್ರತಿವಾದಿಯೇ ಇಲ್ಲ ಎಂದು 2007ರಲ್ಲಿ ನ್ಯೂ ಸೌತ್ ವೇಲ್ಸ್‌ನ ಮೇಲ್ಮನವಿ ನ್ಯಾಯಾಲಯ ಹೇಳಿಬಿಟ್ಟಿತ್ತು. ವಿಕ್ಟೋರಿಯಾ ರಾಜ್ಯ 2015ರಲ್ಲಿ ಕಾಲಮಿತಿ ಕಿತ್ತುಹಾಕಿತು, 2018ರಲ್ಲಿ ಈ ಕಿಂಡಿಯನ್ನೂ ಮುಚ್ಚಿತು.

ಅದೇ 2018ರ ಜುಲೈಯಲ್ಲಿ ರಾಷ್ಟ್ರೀಯ ಪರಿಹಾರ ಯೋಜನೆ ಶುರುವಾಯಿತು. ಗರಿಷ್ಠ ಮೊತ್ತ 2 ಲಕ್ಷ ಡಾಲರ್ ಇರಲಿ ಎಂದಿತ್ತು ಕಮಿಷನ್, ಸರ್ಕಾರ 1.5 ಲಕ್ಷಕ್ಕೆ ಇಳಿಸಿತು. ಲೈಂಗಿಕ ದೌರ್ಜನ್ಯವಿಲ್ಲದೆ ಬರೀ ಹೊಡೆತ, ಹಸಿವು ಉಂಡವರು ಇದರ ಲೆಕ್ಕಕ್ಕೇ ಬರುವುದಿಲ್ಲ. ಯೋಜನೆಗೆ ಕೊನೆಯ ದಿನವೇ ಬೇಡ ಎಂದೂ ಕಮಿಷನ್ ಹೇಳಿತ್ತು. ಅರ್ಜಿ ಹಾಕಲು ಕಾನೂನು ಗೊತ್ತುಮಾಡಿದ ಕೊನೆಯ ದಿನ 2027ರ ಜೂನ್ 30.