ಸೆಪ್ಟೆಂಬರ್ 17: ಒಂದು ತಾರೀಖಿಗೆ ಇಷ್ಟೊಂದು ಹೆಸರು ಬಂದುದು ಹೇಗೆ

ಸೆಪ್ಟೆಂಬರ್ 17ರ ಬೆಳಿಗ್ಗೆ ಕಲಬುರಗಿಯ ಸರ್ದಾರ್ ವಲ್ಲಭಭಾಯ್ ಪಟೇಲ್ ವೃತ್ತದಲ್ಲಿ ಪ್ರತಿಮೆಗೆ ಮಾಲಾರ್ಪಣೆ ಮಾಡಿ, ಬಳಿಕ ಪೊಲೀಸ್ ಮೈದಾನದಲ್ಲಿ ಮುಖ್ಯಮಂತ್ರಿ ರಾಷ್ಟ್ರಧ್ವಜ ಹಾರಿಸುವುದು ಈಗ ರೂಢಿಯಾಗಿದೆ. ಅದೇ ದಿನ ರಾಜ್ಯದಾದ್ಯಂತ ವಿಶ್ವಕರ್ಮ ಜಯಂತಿಯೂ ಇರುವುದರಿಂದ ಜಿಲ್ಲಾಡಳಿತಗಳು ಎರಡು ವೇದಿಕೆಗಳನ್ನು ಸಿದ್ಧಪಡಿಸುತ್ತವೆ. 1950ರ ಆ ದಿನ ಹುಟ್ಟಿದ ನರೇಂದ್ರ ಮೋದಿ ಪ್ರಧಾನಿಯಾದ ಮೇಲೆ ಆರೋಗ್ಯ ಶಿಬಿರ, ರಕ್ತದಾನದ ಕಾರ್ಯಕ್ರಮಗಳೂ ಅದಕ್ಕೆ ಸೇರಿಕೊಂಡಿವೆ. ತಮಿಳುನಾಡಿಗೆ ಅದು 1879ರಲ್ಲಿ ಪೆರಿಯಾರ್ ಹುಟ್ಟಿದ ದಿನ, 1949ರಲ್ಲಿ ಡಿಎಂಕೆ ಸ್ಥಾಪನೆಯಾದ ದಿನ. ಇವು ಕಾಕತಾಳೀಯವಾಗಿ ಒಂದೇ ತಾರೀಖಿನಲ್ಲಿ ಕೂಡಿಕೊಂಡ ಸಂಗತಿಗಳು, ತೊಡಕೇನೂ ಇಲ್ಲ. ತೊಡಕಿರುವುದು ನಿಜಾಮರ ಹೈದರಾಬಾದ್ ಸಂಸ್ಥಾನ ಭಾರತದ ಕೈಗೆ ಬಂದ 1948ರ ಒಂದೇ ಘಟನೆಯನ್ನು ಕರ್ನಾಟಕ, ಮಹಾರಾಷ್ಟ್ರ, ತೆಲಂಗಾಣ ಮತ್ತು ಕೇಂದ್ರ ಸರ್ಕಾರಗಳು ಬೇರೆ ಬೇರೆ ಹೆಸರಿನಲ್ಲಿ, ಬೇರೆ ಬೇರೆ ಉದ್ದೇಶಕ್ಕೆ ಆಚರಿಸುವುದರಲ್ಲಿ.

ಏಳನೆಯ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್ ಅವರ ಹೈದರಾಬಾದ್ ಸಂಸ್ಥಾನವು 1947ರ ಆಗಸ್ಟ್ 15ರಂದು ಭಾರತಕ್ಕೂ ಪಾಕಿಸ್ತಾನಕ್ಕೂ ಸೇರದೆ ಉಳಿಯಿತು. ಆ ನವೆಂಬರ್‌ನಲ್ಲಿ ಒಂದು ವರ್ಷದ ಯಥಾಸ್ಥಿತಿ ಒಪ್ಪಂದವಾಯಿತು. ಒಪ್ಪಂದದ ಅವಧಿ ಮುಗಿಯುವ ಮೊದಲೇ ನಿಜಾಮರ ಪರ ನಿಂತ ಸಶಸ್ತ್ರ ಗುಂಪಾದ ರಜಾಕಾರರ ಹಾವಳಿ, ಗಡಿಯಾಚೆಯ ಶಿಬಿರಗಳಿಂದ ನಡೆದ ಪ್ರತಿಹೋರಾಟ, ತೆಲಂಗಾಣದ ರೈತರ ಸಶಸ್ತ್ರ ಬಂಡಾಯ ಎಲ್ಲವೂ ಒಟ್ಟಿಗೆ ಹೊತ್ತಿಕೊಂಡವು. ಸ್ವಾಮಿ ರಮಾನಂದ ತೀರ್ಥರ ನೇತೃತ್ವದ ಸ್ಟೇಟ್ ಕಾಂಗ್ರೆಸ್ ಹಮ್ಮಿಕೊಂಡ ಭಾರತ ಸೇರ್ಪಡೆ ಚಳವಳಿಯಲ್ಲಿ ಗುಲ್ಬರ್ಗ, ಬೀದರ್, ರಾಯಚೂರು ಜಿಲ್ಲೆಗಳ ಅನೇಕರು ಜೈಲು ಕಂಡರು. ಇನ್ನು ಅನೇಕರು ಊರು ಬಿಟ್ಟು ಗಡಿಯಾಚೆಗೆ ಹೋದರು.

ಭಾರತದ ಸೇನೆ 1948ರ ಸೆಪ್ಟೆಂಬರ್ 13ರ ಸೋಮವಾರ ಒಳಬಂದಿತು. ಸೇನೆಯ ಲೆಕ್ಕದಲ್ಲಿ ಅದು ಆಪರೇಷನ್ ಪೋಲೊ. ಟ್ಯಾಂಕು, ವಿಮಾನಗಳು ಭಾಗವಹಿಸಿದ್ದರೂ ದೆಹಲಿ ಅದನ್ನು ಪೊಲೀಸ್ ಕಾರ್ಯಾಚರಣೆ ಎಂದೇ ಕರೆಯಿತು. ನಮ್ಮ ಕಡೆಯ ಹಿರಿಯರ ಬಾಯಲ್ಲಿ ಇಂದಿಗೂ ಅದು ‘ಪೊಲೀಸ್ ಆಕ್ಷನ್’. ಮೇಜರ್ ಜನರಲ್ ಜೆ.ಎನ್. ಚೌಧುರಿ ಅವರ ಮುಖ್ಯ ಪಡೆ ಸೊಲ್ಲಾಪುರದಿಂದ ಹೈದರಾಬಾದಿನ ಹೆದ್ದಾರಿ ಹಿಡಿದು ಮೊದಲ ದಿನವೇ ನಳದುರ್ಗ ದಾಟಿತು. ಮರುದಿನ ಉಮರ್ಗಾದಿಂದ ರಾಜೇಶ್ವರದತ್ತ ಸಾಗುವಾಗ ಹೊಂಚು ಹಾಕಿದ್ದ ನೆಲೆಗಳ ಮೇಲೆ ವಾಯುದಾಳಿ ನಡೆಯಿತು. ಜಹೀರಾಬಾದ್ ಕೈವಶವಾದ ಬಳಿಕ ಹೆಚ್ಚಿನ ಪ್ರತಿರೋಧ ಉಳಿಯಲಿಲ್ಲ. 17ರ ಶುಕ್ರವಾರ ನಸುಕಿನಲ್ಲಿ ಪಡೆಗಳು ಬೀದರ್ ಪ್ರವೇಶಿಸಿದವು. ಅದೇ ದಿನ ಸಂಸ್ಥಾನದ ಪ್ರಧಾನಿ ಲಾಯಕ್ ಅಲಿಯ ಮಂತ್ರಿಮಂಡಲ ರಾಜೀನಾಮೆ ಕೊಟ್ಟಿತು, ಸಂಜೆ ನಿಜಾಮರು ಕದನ ವಿರಾಮ ಘೋಷಿಸಿದರು. ಆದರೆ ನಿಜಾಮ ಸೇನೆಯ ದಂಡನಾಯಕ ಎಲ್ ಎದ್ರೂಸ್ ಚೌಧುರಿಯವರ ಮುಂದೆ ವಿಧ್ಯುಕ್ತವಾಗಿ ಶರಣಾದದ್ದು ಮರುದಿನ, ಅಂದರೆ 18ರಂದು. ಹಾಗಾಗಿ ನಾವು ಆಚರಿಸುತ್ತಿರುವುದು ಶರಣಾಗತಿಯ ದಿನವನ್ನಲ್ಲ, ಘೋಷಣೆಯ ದಿನವನ್ನು.

ಆ ಶುಕ್ರವಾರ ಜಗತ್ತಿನ ಕಣ್ಣು ಹೈದರಾಬಾದಿನ ಮೇಲೆ ಮಾತ್ರ ಇರಲಿಲ್ಲ. ವಿಶ್ವಸಂಸ್ಥೆಯ ಸಂಧಾನಕಾರ ಫೋಕ್ ಬರ್ನಡಾಟ್ ಅವರನ್ನು ಜೆರುಸಲೇಮಿನಲ್ಲಿ ಅಂದೇ ಗುಂಡಿಟ್ಟು ಕೊಂದರು. ಒಂದು ದಿನದ ಹಿಂದೆಯಷ್ಟೇ ಪ್ಯಾರಿಸಿನಲ್ಲಿ ಸೇರಿದ್ದ ಭದ್ರತಾ ಮಂಡಳಿ ಭಾರತದ ವಿರುದ್ಧ ಹೈದರಾಬಾದ್ ಕೊಟ್ಟಿದ್ದ ದೂರನ್ನು ಕಾರ್ಯಸೂಚಿಗೆ ಸೇರಿಸಿಕೊಂಡಿತ್ತು. ಕದನ ವಿರಾಮವಾದ ಕೆಲವೇ ದಿನಗಳಲ್ಲಿ ನಿಜಾಮರು ಆ ದೂರನ್ನು ಹಿಂದಕ್ಕೆ ಪಡೆಯುವುದಾಗಿ ತಿಳಿಸಿದರು. ಪತ್ರಿಕೆಗಳ ‘ಇತಿಹಾಸದಲ್ಲಿ ಈ ದಿನ’ ಅಂಕಣಗಳಲ್ಲಿ 1787ರ ಅಮೆರಿಕ ಸಂವಿಧಾನದ ಸಹಿ, 1978ರ ಕ್ಯಾಂಪ್ ಡೇವಿಡ್ ಒಪ್ಪಂದಗಳ ಪಕ್ಕದಲ್ಲಿ ನಮ್ಮ ಘಟನೆಗೆ ಒಂದು ಸಾಲು ಸಿಕ್ಕರೆ ಅದೇ ಹೆಚ್ಚು. ಇನ್ನೊಂದು ವಿಚಿತ್ರವೆಂದರೆ, ಸಂಸ್ಥಾನದ ಕಂದಾಯ ಕಡತಗಳು ನಡೆಯುತ್ತಿದ್ದುದೇ ಫಸಲಿ ವರ್ಷದ ಲೆಕ್ಕದಲ್ಲಿ. ಕ್ರಿಸ್ತಶಕದಿಂದ ಸುಮಾರು 590 ಕಳೆದರೆ ಸಿಗುವ ಆ ಲೆಕ್ಕದ ಪ್ರಕಾರ ಅಂದು 1357ನೆಯ ಫಸಲಿ ಮುಗಿಯುತ್ತ ಬಂದಿತ್ತು. ಉರ್ದು ಪಹಣಿಗಳನ್ನು ಹುಡುಕಿಕೊಂಡು ಹೋಗುವವರಿಗೆ ಅಲ್ಲಿ ಸೆಪ್ಟೆಂಬರ್ ಎಂಬುದೇ ಕಾಣಿಸದು.

ಘೋಷಣೆಯಿಂದ ಏನು ಮುಗಿಯಿತು, ಏನು ಮುಗಿಯಲಿಲ್ಲ ಎಂಬುದನ್ನು ಭಾಷಣಗಳು ಬಿಡಿಸಿ ಹೇಳುವುದಿಲ್ಲ. ಅಂದು ಸೇನಾಡಳಿತ ಬಂದಿತೇ ಹೊರತು ಜನರು ಆರಿಸಿದ ಸರ್ಕಾರ ಬರಲಿಲ್ಲ. ಅದು ಬರಬೇಕಾದರೆ 1952ರವರೆಗೆ ಕಾಯಬೇಕಾಯಿತು. ಜಾಗೀರುಗಳು 1949ರಲ್ಲಿ ರದ್ದಾದವು. ನಿಜಾಮರು 1950ರ ಜನವರಿ 26ರಿಂದ ರಾಜಪ್ರಮುಖರಾಗಿ, ಅಂದರೆ ರಾಜ್ಯಪಾಲರಂಥ ಸ್ಥಾನದಲ್ಲಿ, 1956ರವರೆಗೂ ಉಳಿದರು. ಅದಕ್ಕಿಂತ ಕಠಿಣವಾದುದು ಸಾವಿನ ಲೆಕ್ಕ. ಬೀದರ್ ಜಿಲ್ಲೆಯ ಗೋರಟಾದಲ್ಲಿ 1948ರ ಮೇ ತಿಂಗಳಲ್ಲಿ ರಜಾಕಾರರ ದಾಳಿಗೆ ಇನ್ನೂರರಷ್ಟು ಜನ ಬಲಿಯಾದರೆಂದು ಹೇಳಲಾಗುತ್ತದೆ. ಆ ಊರನ್ನು ದಕ್ಷಿಣದ ಜಲಿಯನ್‌ವಾಲಾಬಾಗ್ ಎಂದು ಕರೆಯುವುದುಂಟು. ಕಾರ್ಯಾಚರಣೆಯ ಸಮಯದಲ್ಲಿ ಮತ್ತು ಅದರ ನಂತರ ಮುಸ್ಲಿಮರ ಮೇಲೆ ನಡೆದ ಹಿಂಸೆಯನ್ನು ತಿಳಿಯಲು ನೆಹರೂ ಸರ್ಕಾರ ಆ ವರ್ಷದ ಕೊನೆಯಲ್ಲಿ ಪಂಡಿತ್ ಸುಂದರಲಾಲ್ ನೇತೃತ್ವದ ತಂಡವನ್ನು ಕಳಿಸಿತು. ಸಂಸ್ಥಾನದಾದ್ಯಂತ 27,000ದಿಂದ 40,000 ಜನ ಸತ್ತಿರಬಹುದೆಂದು ಅಂದಾಜಿಸಿದ ಆ ತಂಡ, ಅತಿ ಹೆಚ್ಚು ನೊಂದ ನಾಲ್ಕು ಜಿಲ್ಲೆಗಳಲ್ಲಿ ಗುಲ್ಬರ್ಗ, ಬೀದರ್‌ಗಳ ಹೆಸರನ್ನೂ ಬರೆಯಿತು. ವರದಿ ದಶಕಗಳ ಕಾಲ ಪ್ರಕಟವಾಗಲಿಲ್ಲ. ಈ ಎರಡು ಸಂಗತಿಗಳನ್ನು ಒಂದೇ ಉಸಿರಿನಲ್ಲಿ ಹೇಳುವವರು ಕಡಿಮೆ. ಒಂದನ್ನು ಹೇಳಿ ಇನ್ನೊಂದನ್ನು ಬಿಡುವುದರಿಂದಲೇ ಈ ದಿನದ ಜಗಳ ಬೆಳೆದಿದೆ ಎಂದು ತೋರುತ್ತದೆ.

1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯವೇ ಇಲ್ಲವಾಯಿತು. ಗುಲ್ಬರ್ಗ, ರಾಯಚೂರು, ಬೀದರ್ ಮೈಸೂರು ರಾಜ್ಯಕ್ಕೆ ಬಂದವು. ಬೀದರ್ ಜಿಲ್ಲೆಯ ಉದಗೀರ, ನಿಲಂಗಾ ಕಡೆಯವು ಆಗಿನ ಮುಂಬಯಿ ರಾಜ್ಯದ (ಈಗಿನ ಮಹಾರಾಷ್ಟ್ರ) ಪಾಲಿಗೂ, ಜಹೀರಾಬಾದ್, ನಾರಾಯಣಖೇಡ ಆಂಧ್ರದ ಪಾಲಿಗೂ ಹೋದವು. ಗುಲ್ಬರ್ಗದ ತಾಂಡೂರು, ಕೊಡಂಗಲ್ ಕೂಡ ಆಂಧ್ರಕ್ಕೆ ಸಂದವು. ಕನ್ನಡಿಗರಾಗಿ ಒಂದಾದ ದಿನ ಯಾವುದೆಂದು ಕೇಳಿದರೆ ಇಲ್ಲಿಯ ಉತ್ತರವೂ ನವೆಂಬರ್ 1 ಆಗಬೇಕು. ಆದರೂ ಈ ಭಾಗದ ಅಹವಾಲುಗಳೆಲ್ಲ ಸೆಪ್ಟೆಂಬರ್ 17ಕ್ಕೇ ಬಂದು ಕೂಡುತ್ತವೆ, ಏಕೆಂದರೆ ಸರ್ಕಾರ ಇಲ್ಲಿಗೇ ಬಂದು ನಿಲ್ಲುವ ದಿನ ಅದು.

ಆರಂಭದ ದಶಕಗಳಲ್ಲಿ ಈ ದಿನ ಸ್ವಾತಂತ್ರ್ಯ ಯೋಧರ ಸಭೆಗಳಷ್ಟಕ್ಕೆ ಸೀಮಿತವಾಗಿತ್ತು. ಪ್ರಾದೇಶಿಕ ಅಸಮತೋಲನದ ಚರ್ಚೆ, 2002ರ ನಂಜುಂಡಪ್ಪ ಸಮಿತಿಯ ವರದಿ, ವಿಶೇಷ ಸ್ಥಾನಮಾನದ ಹೋರಾಟ ಇವುಗಳ ಜೊತೆ ಅದರ ತೂಕ ಹೆಚ್ಚಿತು. ಸಂವಿಧಾನದ 98ನೆಯ ತಿದ್ದುಪಡಿಯಿಂದ ಆ ಸ್ಥಾನಮಾನ ಕೊಡುವ 371ಜೆ ವಿಧಿ ಸೇರಿದಾಗ ಹೈದರಾಬಾದ್ ಕರ್ನಾಟಕದ ವ್ಯಾಪ್ತಿಗೆ ಬಳ್ಳಾರಿಯೂ ಬಂದಿತು. 1948ರಲ್ಲಿ ಬಳ್ಳಾರಿ ನಿಜಾಮರದಾಗಿರಲಿಲ್ಲ. ಮದರಾಸಿನಲ್ಲಿದ್ದು 1953ರಲ್ಲಿ ಮೈಸೂರು ಸೇರಿದ ಜಿಲ್ಲೆ ಅದು. ಹಾಗಾಗಿ ಅಲ್ಲಿಯೂ ಈಗ ವಿಜಯನಗರ ಜಿಲ್ಲೆಯಲ್ಲಿಯೂ ಹಾರುವ ಧ್ವಜ ಚರಿತ್ರೆಗಿಂತ ಆಡಳಿತದ ನಕ್ಷೆಯನ್ನು ಹಿಂಬಾಲಿಸುತ್ತದೆ. 2019ರಲ್ಲಿ ಪ್ರದೇಶದ ಹೆಸರು ಕಲ್ಯಾಣ ಕರ್ನಾಟಕವಾದಾಗ ದಿನವೂ ಉತ್ಸವವಾಯಿತು. ಬಸವಣ್ಣನವರ ಕಲ್ಯಾಣ ಬೀದರ್ ಜಿಲ್ಲೆಯಲ್ಲೇ ಇರುವುದರಿಂದ ಹೊಸ ಹೆಸರನ್ನು ಒಪ್ಪಲು ಯಾರಿಗೂ ಕಷ್ಟವಾಗಲಿಲ್ಲ, ಆದರೆ ಹೈದರಾಬಾದ್ ಎಂಬ ಹೆಸರಿನೊಡನೆ ಅಂಟಿಕೊಂಡಿದ್ದ 1948ರ ನೆನಪು ಕೊಂಚ ಹಿಂದೆ ಸರಿಯಿತು.

ಮಹಾರಾಷ್ಟ್ರದಲ್ಲಿ ಅದು ಮರಾಠವಾಡಾ ಮುಕ್ತಿ ಸಂಗ್ರಾಮ ದಿನವಾಗಿಯೇ ಉಳಿಯಿತು. ತೆಲಂಗಾಣದಲ್ಲಿ 2022ರಲ್ಲಿ ಕೇಂದ್ರ ವಿಮೋಚನಾ ದಿನವೆಂದೂ ರಾಜ್ಯ ಸರ್ಕಾರ ರಾಷ್ಟ್ರೀಯ ಏಕತಾ ದಿನವೆಂದೂ ಒಂದೇ ನಗರದಲ್ಲಿ ಪ್ರತ್ಯೇಕವಾಗಿ ಆಚರಿಸಿದವು. 2024ರ ಮಾರ್ಚ್‌ನಲ್ಲಿ ಕೇಂದ್ರವು ಪ್ರತಿವರ್ಷ ಹೈದರಾಬಾದ್ ವಿಮೋಚನಾ ದಿನ ಆಚರಿಸಲು ಅಧಿಸೂಚನೆ ಹೊರಡಿಸಿತು, ಆ ಸೆಪ್ಟೆಂಬರ್‌ನಲ್ಲಿ ತೆಲಂಗಾಣದ ಹೊಸ ಸರ್ಕಾರ ಅದನ್ನು ಪ್ರಜಾಪಾಲನಾ ದಿನವೆಂದಿತು, ಕರ್ನಾಟಕ ಸರ್ಕಾರ ಅದೇ ದಿನ ಕಲಬುರಗಿಯಲ್ಲಿ ಸಚಿವ ಸಂಪುಟ ಸಭೆ ನಡೆಸಿತು. ಗೋರಟಾದಲ್ಲಿ 2023ರಲ್ಲಿ ಹುತಾತ್ಮರ ಸ್ಮಾರಕ ಉದ್ಘಾಟನೆಯಾಗಿದೆ. ಸುಂದರಲಾಲ್ ತಂಡ ಲೆಕ್ಕ ಹಾಕಿದ ಸಾವುಗಳಿಗೆ ಈ ಯಾವ ಸರ್ಕಾರದ ಆಚರಣೆಯಲ್ಲೂ ಇನ್ನೂ ಜಾಗ ಸಿಕ್ಕಿಲ್ಲ.